ದ್ಯಾವಪ್ಪನ ತಲೆಯ ಆರು ರೋಲರ್

ಶಹಾಪುರದ ಬಸ್ ಸ್ಟ್ಯಾಂಡಿನ ಹಿಂದಿನ ಓಣಿಯಲ್ಲಿ ಬಲೆ, ಹಗ್ಗ, ಗಾಳ ಮಾರುವ ದ್ಯಾವಪ್ಪನಿಗೆ ಐವತ್ತೆರಡು ವರ್ಷ. ಈ ವಯಸ್ಸಿಗೆ ಗಂಡಸಿಗೆ ಬರಬೇಕಾದ ಸಕ್ಕರೆ ಕಾಯಿಲೆ, ಮೊಣಕಾಲು ನೋವು, ಅಳಿಯನ ಮೇಲಿನ ಸಿಟ್ಟು ಇವೆಲ್ಲ ಅವನಿಗೆ ಹೊತ್ತಿಗೆ ಸರಿಯಾಗಿ ಬಂದಿವೆ. ಹೋಗಬೇಕಾದದ್ದು ಒಂದು ಮಾತ್ರ ಹೋಗಿಲ್ಲ, ತಲೆಗೂದಲ ಮೇಲಿನ ಅಭಿಮಾನ. ಕೂದಲು ಅರ್ಧ ಹೋಗಿದೆ, ಅಭಿಮಾನ ಪೂರ್ತಿ ಉಳಿದಿದೆ. ಅಂಗಡಿಯ ಗೋಡೆಗೆ ಒಂದು ಕನ್ನಡಿ ತೂಗು ಹಾಕಿದ್ದಾನೆ. ಗಿರಾಕಿ ನೋಡಿಕೊಳ್ಳಲಿ ಅಂತ, ಎನ್ನುತ್ತಾನೆ. ಬಲೆ ಕೊಳ್ಳಲು ಬಂದವನು ಕನ್ನಡಿಯಲ್ಲಿ ಏನು ನೋಡಿಕೊಳ್ಳಬೇಕು ಎಂದು ಯಾರಾದರೂ ಕೇಳುವ ಮೊದಲೇ ತಾನೇ ನಕ್ಕುಬಿಡುತ್ತಾನೆ.

ಅದು ಅವನ ರೀತಿ. ತನ್ನನ್ನು ಆಡಿಕೊಳ್ಳುವ ಕೆಲಸವನ್ನು ಅವನು ಬೇರೆಯವರಿಗೆ ಬಿಟ್ಟುಕೊಡುವುದಿಲ್ಲ. ಬೇರೆಯವರಾದರೆ ಕೈ ಜೋರು ಮಾಡುತ್ತಾರೆ, ತಾನಾದರೆ ಮೆತ್ತಗೆ ಬಾರಿಸಿಕೊಳ್ಳಬಹುದು.

ದ್ಯಾವಪ್ಪ ಬೋನಾಳದವನು. ಕೆರೆಯಲ್ಲಿ ಮೀನು ಹಿಡಿಯುವ ಮನೆತನ. ಹೈಸ್ಕೂಲಿಗೆ ಅಲ್ಲಿಂದ ಸುರಪುರಕ್ಕೆ ಬರುತ್ತಿದ್ದ. ಎರಡು ಅಂಗಿ, ಒಂದು ಜೊತೆ ಚಪ್ಪಲಿ, ಮೈಗೆ ಅಂಟಿದ ಮೀನಿನ ವಾಸನೆ. ಕೊಂಡಾಡುವಂಥದ್ದು ಅವನ ಮೈಮೇಲೆ ಒಂದೇ ಇತ್ತು. ಹಣೆಯ ಮೇಲೆ ತಾನಾಗಿಯೇ ಎದ್ದು, ಸುತ್ತಿ, ಮತ್ತೆ ಹುಬ್ಬಿನ ಹತ್ತಿರ ಇಳಿಯುವ ಮುಂಗುರುಳು. ಅದಕ್ಕೆ ಎಣ್ಣೆ ಬೇಕಿರಲಿಲ್ಲ, ಬಾಚಣಿಗೆ ಬೇಕಿರಲಿಲ್ಲ. ಉಳ್ಳವರ ಮಕ್ಕಳು ಕೂಡ ಅದನ್ನು ಕದ್ದು ನೋಡುತ್ತಿದ್ದರು.

ಹತ್ತನೆಯ ಇಯತ್ತೆಯ ಗ್ರೂಪ್ ಫೋಟೊ ತೆಗೆಸುವ ದಿನ ಬೆಳಿಗ್ಗೆ ಪ್ರಾರ್ಥನೆಯ ಹೊತ್ತಿಗೆ ಅಯ್ಯಪ್ಪ ಮಾಸ್ತರರು ಅವನನ್ನು ಮುಂದೆ ಕರೆದರು. “ಸಾಲಿ ಕಲಿಯಾಕ ಬಂದೀಯೋ, ಸಿನಿಮಾದಾಗ ಸೇರಾಕ ಬಂದೀಯೋ?” ಅಂದರು. ಕತ್ತರಿ ತರಿಸಿ ಆ ಮುಂಗುರುಳನ್ನು ಬುಡಕ್ಕೇ ಕತ್ತರಿಸಿದರು. ಸಾಲು ಸಾಲಾಗಿ ನಿಂತ ಹುಡುಗರೆಲ್ಲ ನಕ್ಕರು. ಕೂದಲು ಅಂಗಿಯ ಮೇಲೆ ಬಿದ್ದಿತ್ತು. ದ್ಯಾವಪ್ಪ ಅದನ್ನು ಕೊಡವಿಕೊಳ್ಳದೆಯೇ ಶಾಲೆಯ ಗೇಟು ದಾಟಿ ಬೋನಾಳದ ದಾರಿ ಹಿಡಿದ. ಫೋಟೊದಲ್ಲಿ ನಲವತ್ತೊಂದು ಹುಡುಗರು ಬಂದರು. ನಲವತ್ತೆರಡನೆಯವನು ಪರೀಕ್ಷೆಗೆ ಮಾತ್ರ ಬಂದು, ಗಣಿತ, ಇಂಗ್ಲಿಷು ಎರಡರಲ್ಲೂ ಡುಮ್ಕಿ ಹೊಡೆದು ಮನೆಗೆ ಹೋದ.

ಈ ಕತೆಯನ್ನು ದ್ಯಾವಪ್ಪ ನೂರು ಸಲ ಹೇಳಿದ್ದಾನೆ. ಹೇಳಿ ಕೇಳಿದವರನ್ನೆಲ್ಲ ನಗಿಸಿದ್ದಾನೆ. ಮಾಸ್ತರರ ದನಿ ಮಾಡುತ್ತಾನೆ, ಕತ್ತರಿಯ ಸದ್ದು ಮಾಡುತ್ತಾನೆ. ಕೆರೆಯ ಒಡ್ಡಿನ ಮೇಲೆ ಕೂತು ಸಂಜೆಯವರೆಗೆ ಅತ್ತದ್ದನ್ನು ಮಾತ್ರ ಬಿಟ್ಟು ಹೇಳುತ್ತಾನೆ.

ಮೂವತ್ತಾರು ವರ್ಷದ ಮೇಲೆ ಆ ಬ್ಯಾಚಿನವರು ವಾಟ್ಸಪ್ ಗ್ರೂಪು ಮಾಡಿದರು. ಯಾರೋ ನಂಬರು ಕೊಟ್ಟು ದ್ಯಾವಪ್ಪನನ್ನೂ ಸೇರಿಸಿದರು. ಗ್ರೂಪಿನ ಯಜಮಾನ ಅಂಬಣ್ಣ, ಈಗ ರಸ್ತೆ ಕಂಟ್ರಾಕ್ಟರ. ಅವನು ಹಳೆಯ ಫೋಟೊ ಹಾಕಿ, ಒಂದೊಂದು ತಲೆಗೂ ನಂಬರು ಕೊಟ್ಟು, ಹೆಸರು ಬರೆದು, ‘ಎಲ್ಲರೂ ಸಿಕ್ಕರು, ಯಾರನ್ನೂ ಬಿಟ್ಟಿಲ್ಲ’ ಎಂದು ಸಂತೋಷಪಟ್ಟ. ದ್ಯಾವಪ್ಪ ಅರ್ಧ ಗಂಟೆ ಯೋಚಿಸಿ ಒಂದೊಂದೇ ಅಕ್ಷರ ಒತ್ತಿದ: ‘ನಾನೂ ಇದ್ದೆ. ದ್ಯಾವಪ್ಪ, ಬೋನಾಳ.’ ಅಂಬಣ್ಣನ ಉತ್ತರ ಬಂತು: ‘ಸಾರಿ ಸರ್, ನೀವು ಯಾವ ಬ್ಯಾಚು?’

ಸರ್ ಅಂದದ್ದು ಬೈಗುಳಕ್ಕಿಂತ ಹೆಚ್ಚು ನೋಯಿತು. ಒಂದೇ ಬೆಂಚಿನಲ್ಲಿ ಕೂತು ಅಂಬಣ್ಣ ಅವನ ಬುತ್ತಿಯ ಮೀನು ತಿಂದಿದ್ದ.

ಅದೇ ಗ್ರೂಪಿನಲ್ಲಿ ಮರುವಾರ ಸುದ್ದಿ ಬಂತು. ಭಾನುವಾರ ಸುರಪುರದ ಕಲ್ಯಾಣ ಮಂಟಪದಲ್ಲಿ ಗುರುವಂದನೆ, ಅಯ್ಯಪ್ಪ ಮಾಸ್ತರರು ಬರುತ್ತಾರೆ, ಹನ್ನೊಂದಕ್ಕೆ ಹೊಸ ಗ್ರೂಪ್ ಫೋಟೊ. ದ್ಯಾವಪ್ಪ ಕನ್ನಡಿಯ ಮುಂದೆ ನಿಂತ. ಆ ಫೋಟೊದಲ್ಲಿ ತಾನು ನಿಲ್ಲಬೇಕು, ಮುಂಗುರುಳು ಇಟ್ಟುಕೊಂಡು ನಿಲ್ಲಬೇಕು, ಮಾಸ್ತರರೂ ಅಂಬಣ್ಣನೂ ನೋಡಿದ ಕೂಡಲೇ ‘ಇವ ದ್ಯಾವಪ್ಪ’ ಅನ್ನಬೇಕು. ಅವನಿಗೆ ಬೇಕಾಗಿದ್ದದ್ದು ಇಷ್ಟೇ. ಆದರೆ ಹಣೆಯ ಮೇಲಿನ ಕೂದಲು ಬಣ್ಣ ಹಚ್ಚಿ ಹಚ್ಚಿ ಒಣಗಿ ನೆಟ್ಟಗೆ ಜೋತುಬಿದ್ದಿತ್ತು. ಅದನ್ನು ನೋಡಿ ಗುರುತು ಹಿಡಿಯುವವನು ಜ್ಯೋತಿಷಿಯೇ ಆಗಿರಬೇಕು.

ಹಾಗೆ ಅವನು ಮದೀನಾಬೀಯ ಅಂಗಡಿಗೆ ಹೋದ. ಮದೀನಾಬೀ ಅದೇ ಓಣಿಯ ತುದಿಯಲ್ಲಿ ಬಳೆ, ಪಿನ್ನು, ಪೌಡರು ಇಟ್ಟಿದ್ದಾಳೆ, ಒಳಗಿನ ಕೋಣೆಯಲ್ಲಿ ಮದುಮಗಳಿಗೆ ಮೇಕಪ್ಪನ್ನೂ ಮಾಡುತ್ತಾಳೆ.

“ಆಪಾ, ಕೂದಲ ಗುಂಗುರು ಮಾಡೂದು ಏನರ ಅದ ಏನು? ನಮ್ಮ ಮನ್ಯಾಗಿನಾಕಿಗೆ ಬೇಕಾಗ್ಯಾದ,” ಅಂದ.

“ಹೀಟ್ ರೋಲರ್ ಅವ ನೋಡು. ಅಕಿ ಕೂದಲ ಎಷ್ಟುದ್ದ ಅದಾವ?”

ದ್ಯಾವಪ್ಪ ಮರೆತು ತನ್ನ ನಾಲ್ಕು ಬೆರಳು ಅಗಲ ತೋರಿಸಿದ.

ಮದೀನಾಬೀ ಆ ಬೆರಳು ನೋಡಿದಳು, ಅವನ ಹಣೆ ನೋಡಿದಳು, ಮತ್ತೆ ಬೆರಳು ನೋಡಿದಳು. “ಹಣಮಂತಮ್ಮನ ಜಡಿ ಸೊಂಟದ ತನಕ ಇತ್ತಲ್ಲ ದ್ಯಾವಪ್ಪಣ್ಣಾ. ಕತ್ತರಿಸಿದಳೇನು?”

ದ್ಯಾವಪ್ಪನ ಕಿವಿ ಬಿಸಿಯಾಯಿತು. “ನನಗ ಬೇಕಾಗ್ಯಾದ ಆಪಾ. ನಗೂದಿದ್ರ ಈಗ ಒಮ್ಮಿಗೇ ನಕ್ಕುಬಿಡು.”

ಮದೀನಾಬೀ ಒಮ್ಮೆಗೇ ನಕ್ಕಳು. ಆಮೇಲೆ ವ್ಯಾಪಾರಕ್ಕೆ ಇಳಿದಳು. ಮನೆಯಲ್ಲಿ ಕೂತು ಮಾಡಿಕೊಳ್ಳುವವರಿಗೆ ಇಪ್ಪತ್ತು ರೋಲರಿನ ದೊಡ್ಡ ಡಬ್ಬಿ, ಡಬ್ಬಿಯೇ ಬಿಸಿಯಾಗುತ್ತದೆ, ಅದನ್ನು ಊರಿಂದೂರಿಗೆ ಹೊರುವುದು ಆಗದ ಮಾತು. ಊರಿಗೆ ಹೋಗುವವರಿಗೆ ಆರು ರೋಲರಿನ ಸಣ್ಣ ಡಬ್ಬಿ, ಹಗುರ, ಚೀಲದಲ್ಲಿ ಹಿಡಿಯುತ್ತದೆ, ಬೇಗ ಕಾಯುತ್ತದೆ. ಸಣ್ಣ ರೋಲರು ಸುತ್ತಿದರೆ ಕುರಿಯ ಉಣ್ಣೆಯಂತೆ ಬಿಗಿ ಗುಂಗುರು, ದಪ್ಪ ರೋಲರು ಸುತ್ತಿದರೆ ಸಡಿಲ ಅಲೆ. ಪ್ಲಾಸ್ಟಿಕ್ಕಿನದು ಜಾರುತ್ತದೆ, ಮೇಲೆ ಮಖಮಲ್ಲಿನಂಥ ಹೊದಿಕೆ ಇರುವುದು ಕೂದಲನ್ನು ಹಿಡಿದುಕೊಳ್ಳುತ್ತದೆ.

“ನಿನ್ನ ಗಿಡ್ಡ ಕೂದಲಿಗೆ ನಡುವಿನ ಸೈಜು ಸಾಕು. ಒಣ ಕೂದಲಿರಬೇಕು, ಎಣ್ಣಿ ಹಚ್ಚಬಾರದು. ರೋಲರಿನ ಅಗಲದಷ್ಟೇ ಕೂದಲ ಹಿಡಿ, ತುದಿಯಿಂದ ಸುತ್ತಿ ಬುಡಕ್ಕ ತಾ, ಕ್ಲಿಪ್ ಹಾಕು. ಪೂರಾ ತಣ್ಣಗಾದ ಮ್ಯಾಲ ಬಿಚ್ಚು. ಬಿಸಿ ಇದ್ದಾಗ ಬಿಚ್ಚಿದರ ಹಾದಿ ಹಿಡಿಯೂದ್ರಾಗೇ ಮತ್ತ ನೆಟ್ಟಗ ಆಗ್ತದ. ತಿಳೀತೇನು?”

“ತಿಳೀತು,” ಅಂದ ದ್ಯಾವಪ್ಪ. ಶಾಲೆಯಲ್ಲೂ ಗಣಿತದ ಮಾಸ್ತರರು ಕೇಳಿದಾಗ ಹೀಗೇ ಅನ್ನುತ್ತಿದ್ದ.

ಶನಿವಾರ ಅಂಗಡಿ ಮುಚ್ಚಿದ ಮೇಲೆ, ಕೊಂಡು ತಂದ ಸಣ್ಣ ಡಬ್ಬಿಯ ಪರೀಕ್ಷೆ ನಡೆಸಿದ. ಹೊರಗೆ ಹೊರಡುವ ಮರ್ಯಾದಸ್ಥ ಮನುಷ್ಯ ತಲೆಗೆ ಎಣ್ಣೆ ಹಚ್ಚದೆ ಇರುವುದು ಹೇಗೆ ಎಂದು ಒಂದೇ ಒಂದು ಹನಿ ಹಚ್ಚಿದ. ಹೆಂಡತಿ ಹಣಮಂತಮ್ಮ ಅಡುಗೆಮನೆಯಿಂದ ಓಡಿಬಂದು, “ಏನ್ರಿ, ಏನ ಹೊತ್ತಾಕತ್ತದ?” ಎಂದು ಕೇಳಿದಳು. ಕೊಬ್ಬರಿ ಎಣ್ಣೆ ಕಾದ ವಾಸನೆ ಮನೆ ತುಂಬಿತ್ತು. ಕೂದಲು ಮೊದಲಿಗಿಂತ ನೆಟ್ಟಗೆ ನಿಂತಿತ್ತು. ಅವಳು ಶಾಂಪೂ ಪ್ಯಾಕೀಟು ತಂದು ಅವನ ಕೈಗಿಟ್ಟಳು.

ಭಾನುವಾರ ಬೆಳಿಗ್ಗೆ ಏಳಕ್ಕೆ ತಲೆ ತೊಳೆದು ಒಣಗಿಸಿ ಕೂತ. ಸುತ್ತುವ ಕೆಲಸ ಅವನಿಗೆ ಹೊಸದಲ್ಲ. ಆರನೆಯ ವಯಸ್ಸಿನಿಂದ ದಾರ ಸುತ್ತಿದ ಕೈ. ಮದೀನಾಬೀ ನೋಡಿದ್ದರೆ ಕೆಲಸಕ್ಕೆ ಇಟ್ಟುಕೊಳ್ಳುತ್ತಿದ್ದಳು, ಅಷ್ಟು ಚೊಕ್ಕವಾಗಿ ಆರೂ ರೋಲರು ಹಣೆಯ ಮೇಲೆ ಕೂತವು. ತೊಂದರೆ ಕೊಟ್ಟದ್ದು ಕ್ಲಿಪ್ಪು. ತೆಳ್ಳಗಿನ ಕೂದಲನ್ನು ಅದು ಹಿಡಿಯಲೊಲ್ಲದು. ಒಂದು ಹಾಕಿದರೆ ಇನ್ನೊಂದು ಜಾರಿ ಮಡಿಲಿಗೆ ಬೀಳುತ್ತದೆ. ರೋಲರು ತಣ್ಣಗಾಗುತ್ತಿದೆ, ಎಂಟೂವರೆಯ ಬಸ್ಸು ಹತ್ತಿರ ಬರುತ್ತಿದೆ. ಪಕ್ಕದಲ್ಲೇ ಬಲೆ ಹೆಣೆಯುವ ನೈಲಾನ್ ದಾರದ ಉಂಡೆ ಇತ್ತು. ದ್ಯಾವಪ್ಪನ ಕೈ ಅವನನ್ನು ಕೇಳಲಿಲ್ಲ. ಒಂದೊಂದು ರೋಲರಿಗೂ ಎರಡು ಸುತ್ತು ಹಾಕಿ ಗಂಟು ಬಿಗಿಯಿತು. ಆರು ರೋಲರು, ಆರು ಗಂಟು. ಒಂದೂ ಅಲುಗಾಡಲಿಲ್ಲ. ಕನ್ನಡಿ ನೋಡಿ ತನ್ನ ಬುದ್ಧಿಗೆ ತಾನೇ ತಲೆದೂಗಿದ.

ಹತ್ತು ನಿಮಿಷದ ಮೇಲೆ ಬಿಚ್ಚಲು ಕೂತಾಗ ಗೊತ್ತಾಯಿತು. ಅವನು ಹಾಕಿದ್ದು ಬಲೆಗಂಟು. ಬಿಚ್ಚಬಾರದು ಅಂತಲೇ ಇರುವ ಗಂಟು ಅದು. ಎಷ್ಟು ಎಳೆದರೆ ಅಷ್ಟು ಬಿಗಿ. ಸಾಲದ್ದಕ್ಕೆ ನೈಲಾನಿನ ಗಂಟಿಗೆ ಬಿಸಿ ತಾಕಿದರೆ ಅದು ಅಲ್ಲೇ ಕಚ್ಚಿಕೊಳ್ಳುತ್ತದೆ. ಹೊಸ ಬಲೆ ಒಯ್ಯುವ ಗಿರಾಕಿಗೆ, “ಒಮ್ಮಿ ಬಿಸಿನೀರಾಗ ಅದ್ದಿ ತಗೀರಿ, ಗಂಟು ಸಾಯೂತನಕ ಬಿಡೂದಿಲ್ಲ” ಎಂದು ಇಪ್ಪತ್ತು ವರ್ಷದಿಂದ ಪಾಠ ಹೇಳಿಕೊಂಡು ಬಂದವನು ದ್ಯಾವಪ್ಪನೇ.

ಹಣಮಂತಮ್ಮ ಸೂಜಿ ಹಿಡಿದು ನೋಡಿದಳು, ಬ್ಲೇಡು ಹಿಡಿದು ನೋಡಿದಳು. ದಾರ ಕೂದಲಿನ ಒಳಗೆ ಹೂತುಹೋಗಿತ್ತು.

“ದಾರ ಕತ್ತರಿಸಿದರ ಕೂದಲನೂ ಬರ್ತಾವ್ರಿ. ಬುಡಕ್ಕೇ ಬರ್ತಾವ.”

“ಬ್ಯಾಡ!” ಎಂದು ದ್ಯಾವಪ್ಪ ಕೂಗಿದ ರೀತಿಗೆ ಅವಳು ಬ್ಲೇಡು ಕೆಳಗಿಟ್ಟಳು.

“ಹಂಗಾರ ಹೋಗಬ್ಯಾಡ್ರಿ ಇವತ್ತು. ಇದನ್ನ ತೊಗೊಂಡು ಮಂದ್ಯಾಗ ಹೆಂಗ ಹೋಗ್ತೀರಿ?”

ಅವನಿಗೂ ಹಾಗೇ ಅನ್ನಿಸಿತು. ಆದರೆ ಇವತ್ತು ಮನೆಯಲ್ಲಿ ಕೂತರೆ ಎರಡನೆಯ ಫೋಟೊದಲ್ಲೂ ತಾನಿರುವುದಿಲ್ಲ, ಮೂರನೆಯದನ್ನು ತೆಗೆಯುವ ಹೊತ್ತಿಗೆ ಯಾರು ಇರುತ್ತಾರೋ ಯಾರು ಇಲ್ಲವೋ. ತಲೆಗೆ ಟವೆಲ್ ಸುತ್ತಿಕೊಂಡ, ಸುರಪುರದಲ್ಲಿ ಯಾವುದಾದರೂ ಕಟಿಂಗ್ ಅಂಗಡಿಯಲ್ಲಿ ಜಾಣ ಕೈಯಿಂದ ಬಿಡಿಸಿಕೊಂಡರಾಯಿತು ಎಂದುಕೊಂಡು ಬಸ್ಸು ಹತ್ತಿದ. ದಾರಿಯುದ್ದಕ್ಕೂ ಪಕ್ಕದವನು ಅವನ ಉಬ್ಬಿದ ತಲೆಯನ್ನು ನೋಡುತ್ತ ಬಂದು, ಇಳಿಯುವಾಗ ಮೆತ್ತಗೆ ಕೇಳಿದ: “ಗಾಯ ಭಾಳ ಆಗ್ಯಾದೇನ್ರಿ?” ದ್ಯಾವಪ್ಪ, “ಹೌದ್ರಿ, ತಲೀ ಒಳಗ ಆಗ್ಯಾದ,” ಅಂದ.

ಸುರಪುರದಲ್ಲಿ ಭಾನುವಾರದ ಕಟಿಂಗ್ ಅಂಗಡಿಗಳ ಮುಂದೆ ಜನ ಬೀದಿಯವರೆಗೆ ನಿಂತಿದ್ದರು. ಎರಡು ಕಡೆ ಇಣುಕಿ ನೋಡಿದ, ಎರಡು ಕಡೆಯೂ ಒಂದು ತಾಸು ಅಂದರು. ಗಡಿಯಾರ ನೋಡಿಕೊಂಡು ನೇರ ಕಲ್ಯಾಣ ಮಂಟಪಕ್ಕೆ ನಡೆದ.

ಬಾಗಿಲಲ್ಲೇ ಅಂಬಣ್ಣ ನಿಂತಿದ್ದ. ಬಿಳಿ ಬಟ್ಟೆ, ಹೊಟ್ಟೆ, ಬೋಳು ತಲೆ, ಎದೆಗೆ ಬ್ಯಾಡ್ಜು. ದ್ಯಾವಪ್ಪ ನಗುತ್ತ ಎರಡೂ ಕೈ ಚಾಚಿದ. ಅಂಬಣ್ಣ ಅವನ ಟವೆಲ್ ನೋಡಿ ಸಿಡುಕಿದ: “ಈಗ ಬರ್ತೀರೇನ್ರಿ? ಶಾಮಿಯಾನಾದವರಿಗೆ ಎಂಟಕ್ಕ ಹೇಳೀನಿ. ಇನ್ನೂ ಐವತ್ತು ಖುರ್ಚಿ ಹೊರಗ ಅವ. ಲಗೂ ಹಾಕ್ರಿ.”

ದ್ಯಾವಪ್ಪ ಬಾಯಿ ತೆರೆದ. ಏನು ಹೇಳುವುದು? ‘ನಾನು ದ್ಯಾವಪ್ಪ’ ಅಂದರೆ ‘ಯಾವ ಬ್ಯಾಚು ಸರ್’ ಅನ್ನುತ್ತಾನೆ. ಗುರುತಿಗೆ ತೋರಿಸಬೇಕಾದ ಮುಂಗುರುಳು ಟವೆಲಿನೊಳಗೆ ಗಂಟು ಬಿದ್ದು ಕೂತಿದೆ. ಸುಮ್ಮನೆ ಹೋಗಿ ಖುರ್ಚಿ ಎತ್ತಿದ. ನಾಲ್ಕು ನಾಲ್ಕು ಒಂದರ ಮೇಲೊಂದು ಇಟ್ಟು, ಒಳಗೆ ಒಯ್ದು, ಸಾಲು ಹಿಡಿದು ಹಾಕಿದ. ಮೊಣಕಾಲು ಕಿರುಗುಟ್ಟಿತು. ತನ್ನ ಗುರುವಂದನೆಗೆ ತಾನೇ ಖುರ್ಚಿ ಹೊತ್ತ ಶಿಷ್ಯ ಈ ಜಿಲ್ಲೆಯಲ್ಲಿ ಮತ್ತೊಬ್ಬ ಇರಲಾರ ಎಂದುಕೊಂಡು ನಗಲು ನೋಡಿದ. ಅವತ್ತು ಮಾತ್ರ ನಗು ಬರಲಿಲ್ಲ. ಮತ್ತೆ ನಾಲ್ಕು ಖುರ್ಚಿ ಎತ್ತಿದ.

ಹತ್ತೂವರೆಗೆ ಅಯ್ಯಪ್ಪ ಮಾಸ್ತರರು ಬಂದರು. ಎಂಬತ್ತೆರಡರ ಮುದುಕ, ಎರಡು ಕಡೆ ಇಬ್ಬರು ಹಿಡಿದು ಕರೆತಂದು ವೇದಿಕೆಯ ಮೇಲೆ ಕೂರಿಸಿದರು. ಕಣ್ಣು ಮಂಜು, ಕಿವಿ ಪರವಾಗಿಲ್ಲ. ಶಿಷ್ಯರು ಸಾಲಾಗಿ ಬಂದು ಹೆಸರು ಹೇಳಿ ಕಾಲಿಗೆರಗಿದರು. ಮಾಸ್ತರರು ಪ್ರತಿಯೊಬ್ಬನ ತಲೆಯ ಮೇಲೆ ಅಂಗೈ ಊರಿ, “ಚಲೋ ಇರಪಾ” ಅನ್ನುತ್ತಿದ್ದರು. ದ್ಯಾವಪ್ಪ ಗೋಡೆಯ ಪಕ್ಕ ನಿಂತು ನೋಡಿದ. ಸಾಲು ಮುಗಿಯುತ್ತ ಬಂತು. ಕಾಲು ಹೊರಬಾಗಿಲ ಕಡೆ ತಿರುಗಿದವು. ಆ ತಿರುಗುವಿಕೆ ಅವನಿಗೆ ಗೊತ್ತಿತ್ತು, ಒಮ್ಮೆ ಹಾಗೆ ತಿರುಗಿ ಬೋನಾಳದ ತನಕ ಹೋಗಿದ್ದ. ಈ ಸಲ ಕಾಲನ್ನು ಬೈದು ಹಿಂದಕ್ಕೆ ತಿರುಗಿಸಿ ಸಾಲಿನ ಕೊನೆಗೆ ಹೋಗಿ ನಿಂತ.

“ಏ ಶಾಮಿಯಾನಾದವರ,” ಎಂದು ಅಂಬಣ್ಣ ಮೈಕು ಕೆಳಗಿಟ್ಟು ಪಿಸುಗುಟ್ಟಿದ, “ಆಶೀರ್ವಾದ ತೊಗೊಳ್ರಿ, ಬ್ಯಾಡ ಅನ್ನೂದಿಲ್ಲ. ಗುರುಗಳ ಮುಂದ ಟವೆಲ್ ಅಷ್ಟು ತಗೀರಿ.”

ನಮ್ಮ ಕಡೆ ಹಿರಿಯರ ಕಾಲಿಗೆರಗುವಾಗ ತಲೆಗೆ ಸುತ್ತಿದ್ದನ್ನು ತೆಗೆಯಲೇಬೇಕು. ದ್ಯಾವಪ್ಪನಿಗೂ ಇದು ಗೊತ್ತಿತ್ತು, ಆದರೆ ಮರೆತಂತೆ ಇರಬಹುದು ಎಂದುಕೊಂಡಿದ್ದ. ಟವೆಲ್ ತೆಗೆದ.

ಒಂದು ಕ್ಷಣ ಯಾರಿಗೂ ಏನೆಂದು ತಿಳಿಯಲಿಲ್ಲ. ಆಮೇಲೆ ಮುಂದಿನ ಸಾಲಿನಿಂದ ನಗು ಹೊರಟು ಹಿಂದಿನ ಸಾಲಿನವರೆಗೆ ಹೋಯಿತು. ಹಣೆಯ ಮೇಲೆ ಆರು ಗುಲಾಬಿ ರೋಲರು, ಒಂದೊಂದಕ್ಕೂ ಹಸಿರು ನೈಲಾನ್ ಗಂಟು. ಐವತ್ತು ದಾಟಿದವರು ಹುಡುಗರಂತೆ ತೊಡೆ ತಟ್ಟಿಕೊಂಡು ನಕ್ಕರು. ದ್ಯಾವಪ್ಪನೂ ಅವರ ಜೊತೆ ಸೇರಿ ನಗಬೇಕು ಅಂತ ತುಟಿ ಅಗಲಿಸಿದ. ಹಾಗೇ ಬಗ್ಗಿದ.

ಮಾಸ್ತರರ ಅಂಗೈ ರೋಲರುಗಳ ಮೇಲೆ ಇಳಿಯಿತು. ಬೆರಳು ಒಂದೊಂದನ್ನೇ ಮುಟ್ಟಿ ನೋಡಿದವು.

“ಏನಪಾ ಇದು?”

“ರೋಲರ್ ರೀ ಸರ್. ಗುಂಗುರು ಮಾಡ್ಕೊಳ್ಳಾಕ. ಬಲಿಗಂಟು ಹಾಕೀನಿ, ಬಿಚ್ಚವಲ್ಲವು.” ತಲೆ ಎತ್ತದೆಯೇ ಹೇಳಿದ. “ನಾ ದ್ಯಾವಪ್ಪರೀ. ಬೋನಾಳದವ.”

ಅಂಬಣ್ಣನಿಗೆ ನಗು ತಡೆಯಲಾಗಲಿಲ್ಲ. ಹಾರದ ದಾರ ಕತ್ತರಿಸಲು ತಂದಿದ್ದ ಕತ್ತರಿಯನ್ನು ತಟ್ಟೆಯಿಂದ ಎತ್ತಿಕೊಂಡು ಮೈಕಿನಲ್ಲೇ ಹೇಳಿದ: “ಸರ್, ನಿಮ್ಮ ಅಮೃತಹಸ್ತದಿಂದ ನೀವೇ ಕತ್ತರಿಸಿಬಿಡ್ರಿ. ಕಾರ್ಯಕ್ರಮದ ಉದ್ಘಾಟನಾ ಆದಂಗ ಆಗ್ತದ.” ಕತ್ತರಿಯ ಹಿಡಿಯನ್ನು ಮಾಸ್ತರರ ಬೆರಳಿಗೆ ತಾಕಿಸಿದ.

ಮುದುಕರು ಕೈ ಹಿಂದಕ್ಕೆ ಎಳೆದುಕೊಂಡರು.

“ನನ್ನ ಕೈಗೆ ಕತ್ತರಿ ಕೊಡಬ್ಯಾಡ್ರಿ,” ಅಂದರು. ದನಿ ಸಣ್ಣದಿತ್ತು, ಮೈಕು ಹತ್ತಿರವಿದ್ದದ್ದರಿಂದ ಎಲ್ಲರಿಗೂ ಕೇಳಿಸಿತು. “ಈ ಹುಡುಗನ ತಲಿಗೆ ನಾ ಒಮ್ಮಿ ಕತ್ತರಿ ಹಾಕೀನಿ. ಫೋಟೊದ ದಿವಸ. ಅಷ್ಟು ಚಂದ ಕೂದಲ. ನಾ ಯಾಕ ಹಂಗ ಮಾಡಿದೆ ಅಂತ ಇವತ್ತಿಗೂ ನನಗ ತಿಳಿದಿಲ್ಲ. ಹಾಜರಿ ಪುಸ್ತಕದಾಗ ನಲವತ್ತೆರಡು ಹೆಸರಿದ್ದವು, ಫೋಟೊದಾಗ ನಲವತ್ತೊಂದು ಮಂದಿ. ನಮ್ಮ ಮನಿ ಗ್ವಾಡಿ ಮ್ಯಾಲ ಅದ ಆ ಫೋಟೊ. ಕಣ್ಣು ಚಲೋ ಇದ್ದಾಗ ದಿನಾ ಅದನ್ನ ನೋಡಿ ಅದರಾಗ ಇಲ್ಲದವನ್ನ ಹುಡುಕೀನಿ.” ಮತ್ತೆ ರೋಲರುಗಳ ಮೇಲೆ ಅಂಗೈ ಇಟ್ಟರು. “ತಪ್ಪಾತಪ್ಪಾ ದ್ಯಾವಪ್ಪ.”

ಅಂಬಣ್ಣ ಕತ್ತರಿಯನ್ನು ತಟ್ಟೆಗೆ ಇಟ್ಟ. ಅವನ ಮುಖ ಹುಳ್ಳಗಾಗಿತ್ತು. ಇಂಥ ಹೊತ್ತಿಗೆಂದೇ ದ್ಯಾವಪ್ಪ ಮೂವತ್ತಾರು ವರ್ಷದಿಂದ ಹಾಸ್ಯದ ಮಾತು ಕೂಡಿಟ್ಟಿದ್ದ. ಒಂದೂ ಬಾಯಿಗೆ ಬರಲಿಲ್ಲ. ಮಾಸ್ತರರ ಪಾದ ಹಿಡಿದುಕೊಂಡು, “ಇಲ್ರೀ ಸರ್, ಇಲ್ರೀ,” ಅಂದ. ಏನು ಇಲ್ಲ ಎಂದು ಅವನಿಗೇ ಗೊತ್ತಿರಲಿಲ್ಲ.

ಫೋಟೊಗೆ ಹೊತ್ತಾಯಿತು ಎಂದು ಫೋಟೊ ತೆಗೆಯುವ ಹುಡುಗ ಅಲ್ತಾಫ್ ಕ್ಯಾಮೆರಾ ಹಿಡಿದು ಬಂದ. ಎಲ್ಲರೂ ಮೆಟ್ಟಿಲ ಮೇಲೆ ನಿಂತರು. ದ್ಯಾವಪ್ಪ ಕೊನೆಯ ಸಾಲಿಗೆ ಹೊರಟಿದ್ದ, ಅಂಬಣ್ಣ ಅವನ ರಟ್ಟೆ ಹಿಡಿದು ಎಳೆತಂದು ಮಾಸ್ತರರ ಬಲಕ್ಕೆ, ತಾನು ಕೂರಬೇಕಿದ್ದ ಖುರ್ಚಿಯಲ್ಲಿ ಕೂರಿಸಿದ. “ಕುಂದ್ರಲೇ ಮಗನ,” ಅಂದ. ಈ ಸಲ ಸರ್ ಅನ್ನಲಿಲ್ಲ.

ಅಲ್ತಾಫ್ ಕ್ಯಾಮೆರಾದಿಂದ ಮುಖ ಎತ್ತಿದ. “ಕಾಕಾ, ಟವೆಲ್ ಕಟ್ಕೊಳ್ರಿ, ತಲಿ ಮ್ಯಾಲ ಏನೇನೋ ಕಾಣಾಕತ್ತಾವ.”

“ಕಟ್ಕೋಬ್ಯಾಡ,” ಅಂದರು ಮಾಸ್ತರರು.

ದ್ಯಾವಪ್ಪ ಹಾಗೇ ನೆಟ್ಟಗೆ ಕೂತ. ಯಾವ ಕಡೆಯಿಂದ ಮುಖ ಚೆನ್ನಾಗಿ ಕಾಣುತ್ತದೆ ಎಂದು ವಾರವೆಲ್ಲ ಕನ್ನಡಿಯ ಮುಂದೆ ಕಲಿತಿದ್ದ, ಅದೆಲ್ಲ ಮರೆತುಹೋಗಿತ್ತು. ಕಣ್ಣಿಂದ ನೀರು ಇಳಿಯುತ್ತಿತ್ತು. ಒರೆಸಿಕೊಂಡರೆ ಮತ್ತೆ ಬರುತ್ತಿತ್ತು. ಅದಕ್ಕೆ ಎರಡೂ ಕಣ್ಣನ್ನು ಗಟ್ಟಿಯಾಗಿ ಮುಚ್ಚಿಕೊಂಡ.

“ಕಾಕಾ, ಕಣ್ಣು ತೆರೀರಿ,” ಅಂದ ಅಲ್ತಾಫ್. ಎರಡನೆಯ ಸಲವೂ ಅಂದ. “ಹಿಂಗ ತೆಗೆದ್ರ ಫೋಟೊ ಕೆಡ್ತದ್ರಿ.”

ಮಾಸ್ತರರು ಪಕ್ಕಕ್ಕೆ ಕೈ ಚಾಚಿ, ತಡವರಿಸಿ, ದ್ಯಾವಪ್ಪನ ಹೆಗಲು ಹುಡುಕಿ ಹಿಡಿದುಕೊಂಡರು.

“ತಗಿಯಪಾ ನೀ,” ಅಂದರು. “ಇಂವ ಬಂದಾನ. ಅಷ್ಟು ಸಾಕು.”